ನಿಧಾನ ಓಡಲು ಕಲಿಯಿರಿ

ಕೊಪ್ಪಳ, ಗಂಗಾವತಿ, ಕುಷ್ಟಗಿ, ಯಲಬುರ್ಗಾದ ಮೈದಾನಗಳಿಗೆ ನಸುಕಿನಲ್ಲೇ ಓಡಲು ಬರುವ ಮಕ್ಕಳೇ, ಪೊಲೀಸ್ ಭರ್ತಿಗೆ, ಸೈನ್ಯಕ್ಕೆ ಅಂತ 1600 ಮೀಟರ್ ಓಡುವ ನಿಮ್ಮ ಛಲ ಕಂಡರೆ ಹೆಮ್ಮೆಯಾಗುತ್ತದೆ. ಓಡುವ ರೀತಿ ಕಂಡರೆ ಮಾತ್ರ ಕರುಳು ಚುರ್ ಎನ್ನುತ್ತದೆ. ನಾಲ್ಕು ಸುತ್ತಿನಲ್ಲಿ ಮೊದಲನೆಯದಕ್ಕೇ ಇದ್ದ ಕಸುವೆಲ್ಲ ಸುರಿಯುತ್ತೀರಿ. ಮೂರನೆಯ ಸುತ್ತಿಗೆ ಭುಜ ಕಿವಿಯ ಹತ್ತಿರ ಏರಿರುತ್ತದೆ, ಮುಷ್ಟಿ ಬಿಗಿದಿರುತ್ತದೆ, ಹಿಮ್ಮಡಿ ನೆಲಕ್ಕೆ ಉಜ್ಜುತ್ತಿರುತ್ತದೆ. ಮರುದಿನವೂ ಅದೇ. ಹೀಗಾದರೆ ಮುಂಗಾಲ ಎಲುಬು ನೋಯದೆ ಇನ್ನೇನು?

ನಿಧಾನದ ಪಾಠಕ್ಕೆ ದೂರದ ನಾರ್ವೆಯ ಕಡೆ ನೋಡಿ. ಅಲ್ಲಿ ಬಿರ್ಕೆಬೈನರ್ ಎಂಬ ಸ್ಕೀ ಓಟ ಇದೆ. ರೆನಾದಿಂದ ಲಿಲ್ಲೆಹಾಮರ್‌ವರೆಗೆ 54 ಕಿ.ಮೀ. ಹಿಮದ ಬೆಟ್ಟ ಹತ್ತಿ ಇಳಿಯಬೇಕು, ಅದೂ ಬೆನ್ನ ಮೇಲೆ 3.5 ಕೆ.ಜಿ. ಚೀಲ ಹೊತ್ತು. 1206ರಲ್ಲಿ ಇಬ್ಬರು ಯೋಧರು ರಾಜಕುಮಾರನೊಬ್ಬನನ್ನು, ಇನ್ನೂ ಹಸುಗೂಸು, ಹೊತ್ತು ಪಾರುಮಾಡಿದ್ದರ ನೆನಪಿಗೆ ಆ ಭಾರ. ಅಲ್ಲಿನ ದೂರದ ಓಟಗಾರರ ತಾಲೀಮಿನಲ್ಲಿ ಹೆಚ್ಚಿನ ಪಾಲು ನಿಧಾನದ್ದೇ; ಪಕ್ಕದವರ ಜೊತೆ ಮಾತಾಡುತ್ತ ಸಾಗುವಷ್ಟು ನಿಧಾನ. ಹೃದಯ ಒಂದೇ ಬಡಿತಕ್ಕೆ ಹೆಚ್ಚು ರಕ್ತ ದೂಡಲು, ಸ್ನಾಯು ಕೊಬ್ಬನ್ನು ಉರಿಸಲು ಕಲಿಯುವುದು ಹೆಚ್ಚಾಗಿ ಅಂಥ ದಿನಗಳಲ್ಲಿ. ರಭಸಕ್ಕೆ ವಾರದಲ್ಲಿ ಒಂದೆರಡು ದಿನ ಸಾಕು.

ಹಿಮವೇ ಬೀಳದ ನಮಗೆ ಆ ಮಾತೇಕೆ ಎನ್ನಬೇಡಿ. ಕೊಡಗಿನಲ್ಲೂ ಹಿಮ ಬೀಳುವುದಿಲ್ಲ. ಅಲ್ಲಿನ ತೆಕ್ಕಡ ಭವಾನಿ ನಂಜುಂಡ ಇದೇ ಸ್ಕೀ ಆಟ ಕಲಿತು 2023ರ ವಿಶ್ವ ಚಾಂಪಿಯನ್‌ಷಿಪ್‌ನಲ್ಲಿ ಭಾರತದ ಪರ ಓಡಿದರು. ಮುಂದೆ ಚಿಲಿಯಲ್ಲಿ 5 ಕಿ.ಮೀ. ಸ್ಪರ್ಧೆಯ ಕಂಚು ಗೆದ್ದರು. ಹಿಮ ಸಿಗದ ಕಾಲಕ್ಕೆ ಈ ಆಟದವರು ಗಾಲಿ ಹಚ್ಚಿದ ಸ್ಕೀ ಕಟ್ಟಿಕೊಂಡು ಡಾಂಬರು ರಸ್ತೆಯ ಮೇಲೇ ಅಭ್ಯಾಸ ಮಾಡುತ್ತಾರೆ.

ನಮ್ಮ ಕಡೆಯ ಹಿರಿಯರಿಗೂ ನಿಧಾನದ ಈ ಗುಟ್ಟು ಗೊತ್ತು. ಯುಗಾದಿ ಮುಂದೆ ಶ್ರೀಶೈಲಕ್ಕೆ ಪಾದಯಾತ್ರೆ ಹೊರಟವರನ್ನು ನೋಡಿ. ತಂಪು ಹೊತ್ತಿನಲ್ಲೇ ಹೊರಡುತ್ತಾರೆ, ಬಿಸಿಲೇರಿದರೆ ಬೇವಿನ ನೆರಳು ಹಿಡಿಯುತ್ತಾರೆ, ಬಾಯಾರುವ ಮೊದಲೇ ನೀರು ಕುಡಿಯುತ್ತಾರೆ. ಆ ದಾರಿಯ ನಲ್ಲಮಲದ ಕಾಡು ದಾಟುವುದು ಹುಮ್ಮಸ್ಸಿನಲ್ಲಿ ಮುಂದೆ ಓಡಿದವನಲ್ಲ, ಮೊದಲ ದಿನದ ನಡಿಗೆಯನ್ನೇ ಕೊನೆಯ ದಿನವೂ ನಡೆದವನು.

ನಮ್ಮ ಅಂಜನಾದ್ರಿ ಬೆಟ್ಟದ 575 ಮೆಟ್ಟಿಲನ್ನೂ ಹಾಗೇ ಹತ್ತಿ. ಖಾಲಿ ಹೊಟ್ಟೆಯಲ್ಲಿ ಓಡಬೇಡಿ, ಒಂದು ಬಾಳೆಹಣ್ಣೋ ಚೂರು ಬೆಲ್ಲವೋ ತಿಂದು ಬನ್ನಿ. ನೋವು ಬಂದರೆ ಎರಡು ದಿನ ಬಿಡಿ. ನಾಳೆ ಬೆಳಿಗ್ಗೆ ಗಡಿಯಾರ ಮನೆಯಲ್ಲೇ ಇಟ್ಟು, ಗೆಳೆಯನ ಜೊತೆ ಮಾತಾಡುತ್ತ ಅರ್ಧ ತಾಸು ಓಡಿ. ಮಾತು ತುಂಡಾದರೆ ವೇಗ ಇಳಿಸಿ.