ಚಲಿಸುವ ಗೆರೆ: ಅಕ್ಬರ್ ಪದಮ್ಸೀ ಅವರ ಕಲೆ

ಚಿತ್ರಕಲೆಯ ಅವಧಿಯನ್ನು ಗಣಿತಕ್ಕೆ ಬಿಟ್ಟುಕೊಡುವ ರೂಢಿ ನಮ್ಮ ಶಾಲೆಗಳಲ್ಲಿ ಹೊಸದಲ್ಲ. ಚಿತ್ರವೇ ಗಣಿತವಾದ ಒಂದು ನಿದರ್ಶನವನ್ನು ಎಂಟು, ಒಂಬತ್ತನೆಯ ತರಗತಿಗಳಿಗಾಗಿ ಇಲ್ಲಿ ಆರಿಸಿಕೊಳ್ಳಲಾಗಿದೆ.

ಅಕ್ಬರ್ ಪದಮ್ಸೀ (1928–2020) ಮುಂಬಯಿಯಲ್ಲಿ ಜನಿಸಿ, ಅಲ್ಲಿಯ ಸರ್ ಜೆ. ಜೆ. ಕಲಾಶಾಲೆಯಲ್ಲಿ ಕಲಿತು, 1951ರಲ್ಲಿ ಪ್ಯಾರಿಸ್ಸಿಗೆ ತೆರಳಿದವರು. ವರ್ಣಚಿತ್ರಕಾರರೆಂದೇ ಹೆಸರಾದರೂ ಮನುಷ್ಯರ ಶಿರಗಳನ್ನು ಕಂಚಿನ ಶಿಲ್ಪಗಳಾಗಿಸಿದರು, ಚಲನಚಿತ್ರವನ್ನೂ ಕೈಗೆತ್ತಿಕೊಂಡರು. 1954ರಲ್ಲಿ ಅವರ ಪ್ರಣಯಿಗಳ ಚಿತ್ರಗಳು ಅಶ್ಲೀಲವೆಂದು ಮೊಕದ್ದಮೆ ನಡೆದು, ನ್ಯಾಯಾಲಯವು ಅವರನ್ನು ನಿರ್ದೋಷಿಯೆಂದು ಬಿಡುಗಡೆ ಮಾಡಿತು. ಇದನ್ನು ಮಕ್ಕಳಿಂದ ಮರೆಮಾಚಬೇಕಿಲ್ಲ. ಆದರೆ ಪಾಠವು ಅಲ್ಲಿಯೇ ನಿಂತುಬಿಡಬಾರದು.

1969ರಲ್ಲಿ ಅವರಿಗೆ ಜವಾಹರಲಾಲ್ ನೆಹರೂ ಫೆಲೋಷಿಪ್ ದೊರೆಯಿತು. ಆ ಹಣದಿಂದ ಅವರು ಮುಂಬಯಿಯಲ್ಲಿ 'ವಿಷನ್ ಎಕ್ಸ್‌ಚೇಂಜ್ ವರ್ಕ್‌ಷಾಪ್' ಎಂಬ ಕಾರ್ಯಾಗಾರವನ್ನು ತೆರೆದು, ಚಿತ್ರಕಾರರನ್ನೂ ಚಲನಚಿತ್ರಕಾರರನ್ನೂ ಒಂದೇ ಸೂರಿನಡಿ ಸೇರಿಸಿದರು. ಆಗಿನ್ನೂ ತರುಣಿಯಾಗಿದ್ದ ನಳಿನಿ ಮಲಾನಿ ತಮ್ಮ ಮೊದಲ ಚಲನಚಿತ್ರ ಪ್ರಯೋಗಗಳನ್ನು ನಡೆಸಿದ್ದು ಇಲ್ಲಿಯೇ.

ಅಲ್ಲಿ ಪದಮ್ಸೀ ರಚಿಸಿದ 'ಸಿಝಿಜಿ' ಸುಮಾರು 11 ನಿಮಿಷಗಳ ಕಪ್ಪು-ಬಿಳುಪು ಚಿತ್ರ. ಮಾತಿಲ್ಲ, ಕತೆಯಿಲ್ಲ. ಸಂಖ್ಯೆಗಳ ಕ್ರಮವನ್ನು ಆಧರಿಸಿ ಎಳೆದ ಗೆರೆಗಳು ಮಾತ್ರ ಕೂಡುತ್ತವೆ, ಒಡೆಯುತ್ತವೆ. ಇದಕ್ಕಾಗಿ ಅವರು ಬರೆದ ರೇಖಾಚಿತ್ರಗಳು ಸಾವಿರದಷ್ಟು. ಒಂದು ಲೆಕ್ಕವನ್ನು ಮಕ್ಕಳಿಂದಲೇ ಮಾಡಿಸಬಹುದು: ಚಲನಚಿತ್ರದಲ್ಲಿ ಸಾಮಾನ್ಯವಾಗಿ ಸೆಕೆಂಡಿಗೆ 24 ಚೌಕಟ್ಟುಗಳು, 11 ನಿಮಿಷಕ್ಕೆ 15,840. ಹಾಗಾದರೆ ಒಂದೊಂದು ರೇಖಾಚಿತ್ರ ಸರಾಸರಿ ಎಷ್ಟು ಚೌಕಟ್ಟುಗಳ ಕಾಲ ನಿಲ್ಲಬೇಕು?

ಸೂರ್ಯ, ಚಂದ್ರ, ಭೂಮಿಗಳು ಒಂದೇ ಸಾಲಿಗೆ ಬರುವ ಸ್ಥಿತಿಗೆ ಖಗೋಳಶಾಸ್ತ್ರದಲ್ಲಿ ಸಿಝಿಜಿ ಎಂದು ಹೆಸರು. ನಮ್ಮ ಅಮಾವಾಸ್ಯೆ, ಹುಣ್ಣಿಮೆಗಳು ಅದರ ಪರಿಚಿತ ರೂಪಗಳು. 1970ರ ದಶಕದ 'ಮೆಟಾಸ್ಕೇಪ್' ವರ್ಣಚಿತ್ರಗಳಲ್ಲಿಯೂ ಸೂರ್ಯಚಂದ್ರರು ಜೊತೆಯಾಗಿ ಕಾಣಿಸುತ್ತಾರೆ. ಅವುಗಳ ಹಿಂದೆ ಕಾಳಿದಾಸನ ಶಾಕುಂತಲದ ನಾಂದಿಯಿದೆ: ಶಿವನ ಎಂಟು ಮೂರ್ತಿಗಳಲ್ಲಿ ಕಾಲವನ್ನು ವಿಧಿಸುವವು ಎರಡು. ಬಸವಪ್ಪ ಶಾಸ್ತ್ರಿಗಳ ಕನ್ನಡ ಶಾಕುಂತಲವನ್ನು ಬಲ್ಲ ಶಿಕ್ಷಕರಿಗೆ ಕನ್ನಡದ ಅವಧಿಗೂ ಇಲ್ಲಿಂದ ದಾರಿಯುಂಟು.

ಇಂಥ ಕೃತಿಯ ಮುಂದೆ ಮಕ್ಕಳು ಮೊದಲು ಕೇಳುವುದು "ಸರ್, ಇದರ ಅರ್ಥ ಏನು?" ಎಂದು. ಶಿಕ್ಷಕರು ಉತ್ತರಿಸಲು ಆತುರಪಡಬಾರದು. ಕಂಡದ್ದನ್ನು ಮಾತ್ರ ಹೇಳಿಸಬೇಕು: ಗೆರೆ ವಾಲಿತು, ಕವಲೊಡೆಯಿತು, ಕೂಡಿಕೊಂಡಿತು. ಮನೆಮಾತು ಮರಾಠಿಯೋ ತೆಲುಗೋ ಆಗಿದ್ದು ಕನ್ನಡದ ಪದ ಹೊಳೆಯದ ಮಗು ಬೆರಳಿನಿಂದ ಗಾಳಿಯಲ್ಲಿ ಬರೆದು ತೋರಿಸಲಿ. ಪದವನ್ನು ಸಹಪಾಠಿಗಳು ಒದಗಿಸಲಿ. ಪರೀಕ್ಷೆಯಲ್ಲಿ ಕ್ರಿಯಾಪದಕ್ಕೆ ತಡವರಿಸುವ ಮಗುವಿಗೆ ಕ್ರಿಯಾಪದ ನಿಜವಾಗಿ ಬೇಕೆನಿಸುವ ಸಂದರ್ಭ ಇದು. ವ್ಯಾಕರಣದ ಪಾಠದಲ್ಲಿ ಅದು ಅಪರೂಪ.

ಚಟುವಟಿಕೆಗೆ ಹಳೆಯ ನೋಟ್‌ಬುಕ್ ಸಾಕು. ಮೂವತ್ತು ಹಾಳೆಗಳ ಮೂಲೆಯಲ್ಲಿ ಒಂದೇ ಗೆರೆಯನ್ನು ತುಸುತುಸುವೇ ಸರಿಸಿ ಬರೆದು, ಹೆಬ್ಬೆರಳಿನಿಂದ ಸರಸರನೆ ಬಿಡಬೇಕು.

ಪದಮ್ಸೀ ಅವರ ಮತ್ತೊಂದು ಚಿತ್ರ 'ಇವೆಂಟ್ಸ್ ಇನ್ ಎ ಕ್ಲೌಡ್ ಚೇಂಬರ್'. ಅದರ ಇದ್ದ ಒಂದೇ ಪ್ರತಿಯೂ ಕಳೆದುಹೋಯಿತು. ದಶಕಗಳ ಬಳಿಕ, ಇಳಿವಯಸ್ಸಿನಲ್ಲಿ, ನಿರ್ದೇಶಕ ಆಶಿಮ್ ಅಹ್ಲೂವಾಲಿಯಾ ಅವರೊಡನೆ ನೆನಪಿನಿಂದಲೇ ಅದನ್ನು ಮರಳಿ ಕಟ್ಟಲು ತೊಡಗಿದರು; 2016ರಲ್ಲಿ ಅಹ್ಲೂವಾಲಿಯಾ ಅವರ ಚಿತ್ರ ಅದೇ ಹೆಸರಿನಲ್ಲಿ ಹೊರಬಂದಿತು. ಎರಡನೆಯ ಅವಧಿಗೆ ಇದನ್ನೇ ಆಧಾರವಾಗಿಸಿಕೊಳ್ಳಬಹುದು: ಮಕ್ಕಳು ಪುಸ್ತಕಗಳನ್ನು ಅದಲುಬದಲು ಮಾಡಿಕೊಂಡು ಒಂದೇ ಬಾರಿ ನೋಡಿ, ಮುಚ್ಚಿ ಹಿಂತಿರುಗಿಸಿ, ಗೆಳೆಯನ ಗೆರೆಯ ಪಯಣವನ್ನು ನೆನಪಿನಿಂದ ಐದು ವಾಕ್ಯಗಳಲ್ಲಿ ಬರೆಯಲಿ.