ಅಂಗಡಿಗೆ ಪೊಲೀಸ್ ರಕ್ಷಣೆ: ರಿಟ್ ಅರ್ಜಿಗೆ ಮುನ್ನ ತಿಳಿದಿರಬೇಕಾದ ಸಂಗತಿಗಳು

ಬಾಡಿಗೆ ಹೆಚ್ಚಿಸುವ ಸಲುವಾಗಿ ಬೀಗ ಜಡಿಯುವ ಮಾಲೀಕ, ಪಾಲು ಕೇಳುತ್ತ ಬಾಗಿಲಿಗೆ ಅಡ್ಡ ನಿಲ್ಲುವ ದಾಯಾದಿ, ವಂತಿಗೆಯ ಹೆಸರಿನಲ್ಲಿ ಹಣ ವಸೂಲಿಗೆ ಬರುವ ಗುಂಪು: ಪೇಟೆ ಯಾದಗಿರಿಯದಾಗಲಿ, ಶಹಾಪುರ, ಸುರಪುರಗಳದಾಗಲಿ, ಅಂಗಡಿಕಾರನಿಗೆ ಅಡ್ಡಿ ಬರುವುದು ಸಾಮಾನ್ಯವಾಗಿ ಇಂತಹವರಿಂದಲೇ. ಹೈಕೋರ್ಟಿಗೆ ಹೋದರೆ ಬಂದೋಬಸ್ತ್ ದೊರೆಯುತ್ತದೆ ಎಂಬ ನಂಬಿಕೆ ಆಗ ಬಲವಾಗುತ್ತದೆ. ಅದು ಸುಳ್ಳಲ್ಲ, ಪೂರ್ಣ ಸತ್ಯವೂ ಅಲ್ಲ.

ಸಂವಿಧಾನದ 19(1)(ಜಿ) ಅನುಚ್ಛೇದವು ವ್ಯಾಪಾರ ನಡೆಸುವ ಹಕ್ಕನ್ನು ನೀಡಿದೆ. ಪೊಲೀಸರು ಕರ್ತವ್ಯ ನಿರ್ವಹಿಸದಿದ್ದಲ್ಲಿ 226ನೇ ಅನುಚ್ಛೇದದನ್ವಯ ಉಚ್ಚ ನ್ಯಾಯಾಲಯವು ಅವರಿಗೆ ನಿರ್ದೇಶನ ಕೊಡಬಲ್ಲದು. ಈ ಭಾಗದವರು ಅದಕ್ಕಾಗಿ ಬೆಂಗಳೂರಿಗೆ ಹೋಗಬೇಕಿಲ್ಲ. 2008ರಲ್ಲಿ ಸಂಚಾರಿ ಪೀಠವಾಗಿ ಆರಂಭವಾದ ಕಲಬುರಗಿ ಪೀಠವು 2013ರಿಂದ ಕಾಯಂ ಪೀಠವಾಗಿದೆ.

ಆದರೆ ಈ ಅಧಿಕಾರಕ್ಕೆ ಮಿತಿಯಿದೆ. ಕೇರಳದ ಒಂದು ಆಶ್ರಮದ ಮುಖ್ಯಸ್ಥ ಸ್ಥಾನದ ವಿವಾದದಲ್ಲಿ ಅಲ್ಲಿನ ಹೈಕೋರ್ಟು ನೀಡಿದ್ದ ಪೊಲೀಸ್ ರಕ್ಷಣೆಯ ಆದೇಶವನ್ನು ಸರ್ವೋಚ್ಚ ನ್ಯಾಯಾಲಯವು 2006ರಲ್ಲಿ ರದ್ದುಪಡಿಸಿತು (ಪಿ.ಆರ್. ಮುರಳೀಧರನ್ ವಿರುದ್ಧ ಸ್ವಾಮಿ ಧರ್ಮಾನಂದ ತೀರ್ಥ ಪಾದರ್). ಸಿವಿಲ್ ನ್ಯಾಯಾಲಯದಲ್ಲಿ ತೀರ್ಮಾನವಾಗಬೇಕಾದ ಹಕ್ಕನ್ನು ಪೊಲೀಸ್ ರಕ್ಷಣೆಯ ರಿಟ್ ಅರ್ಜಿಯ ಮೂಲಕ ತೀರ್ಮಾನಿಸಲಾಗದು ಎಂಬುದು ತೀರ್ಪಿನ ಸಾರ. ವಿಷಯ ಆಶ್ರಮದ್ದಾದರೂ ತತ್ವ ಅಂಗಡಿಗೂ ಅನ್ವಯಿಸುತ್ತದೆ.

ಶಹಾಪುರದ ಒಬ್ಬ ಬಟ್ಟೆ ವ್ಯಾಪಾರಿಯನ್ನು ಊಹಿಸಿಕೊಳ್ಳೋಣ. ಮಳಿಗೆ ಬಾಡಿಗೆಯದು, ಕರಾರಿನ ಅವಧಿ ಮುಗಿದಿದೆ, ಮಾಲೀಕನ ತಮ್ಮ ಮಳಿಗೆ ತನ್ನ ಪಾಲಿನದೆನ್ನುತ್ತಾನೆ. ಈತ ನೇರವಾಗಿ ರಿಟ್ ಅರ್ಜಿ ಹಾಕಿದರೆ ಮೊದಲು ಸಿವಿಲ್ ನ್ಯಾಯಾಲಯಕ್ಕೆ ಹೋಗಿರೆಂಬ ಉತ್ತರವೇ ಬಹುಮಟ್ಟಿಗೆ ದೊರೆಯುವುದು. ವಕೀಲರ ಶುಲ್ಕ, ಹಬ್ಬದ ಹಂಗಾಮು ಎರಡೂ ಕೈಬಿಟ್ಟು ಹೋಗುತ್ತವೆ. ಬದಲಿಗೆ ಅಲ್ಲಿಯ ಸಿವಿಲ್ ನ್ಯಾಯಾಲಯದಲ್ಲಿಯೇ ದಾವೆ ಹೂಡಿ ಸಿವಿಲ್ ಪ್ರಕ್ರಿಯಾ ಸಂಹಿತೆಯ 39ನೇ ಆದೇಶದಂತೆ ತಾತ್ಕಾಲಿಕ ತಡೆಯಾಜ್ಞೆ ಪಡೆದರೆ, ಅದನ್ನು ಜಾರಿಗೊಳಿಸಲು 151ನೇ ಕಲಮಿನಡಿ ಪೊಲೀಸ್ ನೆರವು ಕೋರಬಹುದು. ಈಗಾಗಲೇ ಬಲಾತ್ಕಾರವಾಗಿ ಹೊರಹಾಕಿದ್ದರೆ ನಿರ್ದಿಷ್ಟ ಪರಿಹಾರ ಅಧಿನಿಯಮ, 1963ರ 6ನೇ ಕಲಮು ಉಂಟು. ಮಾಲೀಕತ್ವ ಯಾರದೆಂಬ ಚರ್ಚೆಯಿಲ್ಲದೆ ಸ್ವಾಧೀನ ಮರಳಿ ಕೇಳಬಹುದು. ಆದರೆ ಆರು ತಿಂಗಳೊಳಗೆ. ರಾಜಿ ಪಂಚಾಯಿತಿಯಲ್ಲಿ ಈ ಅವಧಿ ಕಳೆದುಹೋಗದಂತೆ ನೋಡಿಕೊಳ್ಳಬೇಕು.

ಹಣಕ್ಕಾಗಿ ಬೆದರಿಸುವ ಗುಂಪಿನ ಮಾತು ಬೇರೆ. ಅಲ್ಲಿ ಸಿವಿಲ್ ವಿವಾದವೇ ಇಲ್ಲ. ಬೆದರಿಸಿ ಹಣ ಕೀಳುವುದು ಸಂಜ್ಞೇಯ ಅಪರಾಧ. ಅಂತಹ ಅಪರಾಧದ ಮಾಹಿತಿ ಬಂದಾಗ ಪ್ರಥಮ ವರ್ತಮಾನ ವರದಿ ದಾಖಲಿಸುವುದು ಕಡ್ಡಾಯವೆಂದು ಲಲಿತಾ ಕುಮಾರಿ ಪ್ರಕರಣದಲ್ಲಿ (2013) ಸರ್ವೋಚ್ಚ ನ್ಯಾಯಾಲಯ ಹೇಳಿದೆ. ಠಾಣೆ ನಿರಾಕರಿಸಿದರೆ, 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 173(4)ರಂತೆ ಜಿಲ್ಲಾ ಪೊಲೀಸ್ ಅಧೀಕ್ಷಕರಿಗೆ ಅಂಚೆಯಲ್ಲಿ ದೂರು, ಅಲ್ಲಿಯೂ ಫಲಿಸದಿದ್ದರೆ ಮ್ಯಾಜಿಸ್ಟ್ರೇಟರಿಗೆ ಅರ್ಜಿ. ಈ ಮೆಟ್ಟಿಲುಗಳನ್ನು ಹತ್ತಿದವನ ರಿಟ್ ಅರ್ಜಿಗೆ ಬಲ ಬರುತ್ತದೆ. ಬಾಯಿಮಾತಿನ ದೂರು ದಾಖಲೆಯಾಗುವುದಿಲ್ಲ. ಠಾಣೆಯ ಸ್ವೀಕೃತಿ ಅಥವಾ ಹಿಂಬರಹ ಕೈಯಲ್ಲಿರಬೇಕು.

ಹಕ್ಕನ್ನು ತೋರಿಸುವ ಕಾಗದಗಳ ವಿಷಯದಲ್ಲಿ ನಮ್ಮ ವ್ಯಾಪಾರಸ್ಥರ ಉದಾಸೀನ ಹಳೆಯದು. ನಗರಸಭೆಯ ಲೈಸೆನ್ಸ್ ನವೀಕರಿಸಿರುವುದಿಲ್ಲ, ಬಾಡಿಗೆಯನ್ನು ರಸೀದಿಯಿಲ್ಲದೆ ನಗದಾಗಿ ಕೊಟ್ಟಿರುತ್ತಾರೆ, ಜಿಎಸ್‌ಟಿ ನೋಂದಣಿಯಲ್ಲಿ ಹಳೆಯ ಮಳಿಗೆಯ ವಿಳಾಸವೇ ಉಳಿದಿರುತ್ತದೆ. ಬ್ಯಾಂಕಿನ ಮೂಲಕ ಪಾವತಿಸಿದ ಬಾಡಿಗೆ, ಅದೇ ವಿಳಾಸದ ವಿದ್ಯುತ್ ಬಿಲ್ಲು, ದಿನವಹಿ ಬರೆದ ಕಿರ್ದಿ ಪುಸ್ತಕ ಇವು ಸ್ವಾಧೀನವನ್ನೂ ನಷ್ಟದ ಮೊತ್ತವನ್ನೂ ಒಟ್ಟಿಗೆ ತೋರಿಸುತ್ತವೆ.

ಆದೇಶ ದೊರೆತ ಬಳಿಕ ಅದರ ದೃಢೀಕೃತ ಪ್ರತಿಯನ್ನು ಅಂಗಡಿಕಾರನೇ ಠಾಣೆಗೆ ಸಲ್ಲಿಸಿ, ದಿನಾಂಕ ಸಹಿತ ಸ್ವೀಕೃತಿ ಪಡೆಯುವುದು ಒಳಿತು. ಉಚ್ಚ ನ್ಯಾಯಾಲಯದ ಆದೇಶವನ್ನು ಬೇಕೆಂದೇ ಪಾಲಿಸದಿದ್ದರೆ ನ್ಯಾಯಾಂಗ ನಿಂದನೆಯ ಅರ್ಜಿಗೆ ಅವಕಾಶವಿದೆ. 1971ರ ಅಧಿನಿಯಮದಂತೆ ಅದಕ್ಕಿರುವ ಕಾಲಮಿತಿ ಒಂದು ವರ್ಷ.