ಅತಿಥಿ ಶಿಕ್ಷಕರ ಆಯ್ಕೆ: ಕ್ರಮಬದ್ಧತೆ ಮತ್ತು ಸದಸ್ಯರ ಹೊಣೆ



ಸರ್ಕಾರಿ ಶಾಲೆಗಳ ಕಾಯಂ ಶಿಕ್ಷಕರ ನೇಮಕಾತಿಯಲ್ಲಿ ಗ್ರಾಮ ಪಂಚಾಯಿತಿಗೆ ಅಧಿಕಾರವಿಲ್ಲ. ಆದರೆ ಕಾಯಂ ಹುದ್ದೆ ಖಾಲಿ ಇರುವಲ್ಲಿ ವರ್ಷವರ್ಷವೂ ತೆಗೆದುಕೊಳ್ಳುವ ಅತಿಥಿ ಶಿಕ್ಷಕರ ಆಯ್ಕೆಯು ಊರಿನಲ್ಲಿಯೇ, ಮುಖ್ಯ ಶಿಕ್ಷಕರು ಹಾಗೂ ಶಾಲಾಭಿವೃದ್ಧಿ ಮತ್ತು ಮೇಲುಸ್ತುವಾರಿ ಸಮಿತಿಯ (ಎಸ್‌ಡಿಎಂಸಿ) ಮಟ್ಟದಲ್ಲಿ ನಡೆಯುತ್ತದೆ. ಶಿಕ್ಷಣ ಹಕ್ಕು ಕಾಯ್ದೆ, 2009ರ 21ನೇ ಪ್ರಕರಣವು ಶಾಲಾ ಸಮಿತಿಯಲ್ಲಿ ಪೋಷಕರು, ಶಿಕ್ಷಕರೊಂದಿಗೆ ಸ್ಥಳೀಯ ಸಂಸ್ಥೆಯ ಚುನಾಯಿತ ಪ್ರತಿನಿಧಿಗಳಿಗೂ ಸ್ಥಾನ ನೀಡಿದೆ. ಹೀಗಾಗಿ ಈ ವಿಷಯ ನಮ್ಮದೂ ಹೌದು.

ದೊಡ್ಡ ನೇಮಕಾತಿಗಳು ಎಲ್ಲಿ ಎಡವುತ್ತವೆ ಎಂಬುದನ್ನು ಮೊದಲು ನೋಡೋಣ. 2022ರಲ್ಲಿ 6ರಿಂದ 8ನೇ ತರಗತಿಗಳಿಗೆ 15,000 ಪದವೀಧರ ಪ್ರಾಥಮಿಕ ಶಿಕ್ಷಕರ ನೇಮಕಕ್ಕೆ ಅರ್ಜಿ ಆಹ್ವಾನಿಸಲಾಯಿತು. ಅವುಗಳಲ್ಲಿ 5,000 ಹುದ್ದೆಗಳು ಕಲ್ಯಾಣ ಕರ್ನಾಟಕಕ್ಕೆ ಮೀಸಲಾಗಿದ್ದವು. 2021ರಲ್ಲಿ ಜಿಲ್ಲೆ ವಿಭಜನೆಯಾಗಿ ಹೊಸಪೇಟೆ, ಹಂಪಿ ವಿಜಯನಗರಕ್ಕೆ ಸೇರಿದರೂ, ಸಂಡೂರು, ಕಂಪ್ಲಿ ಬಳ್ಳಾರಿಯಲ್ಲಿಯೇ ಉಳಿದರೂ, ಸಂವಿಧಾನದ 371ಜೆ ವಿಧಿಯ ಸೌಲಭ್ಯ ನಾಲ್ಕೂ ಕಡೆಯ ಅಭ್ಯರ್ಥಿಗಳಿಗೆ ಸಮಾನವಾಗಿದೆ. ಪರೀಕ್ಷೆ ಆ ವರ್ಷದ ಮೇ ತಿಂಗಳಲ್ಲಿ ಮುಗಿಯಿತು. ತಾತ್ಕಾಲಿಕ ಆಯ್ಕೆ ಪಟ್ಟಿ ನವೆಂಬರ್‌ನಲ್ಲಿ ಬಂದಿತು. ವಿವಾಹಿತ ಮಹಿಳೆಯ ಜಾತಿ, ಆದಾಯ ಪ್ರಮಾಣಪತ್ರ ತಂದೆಯ ಕಡೆಯದಿರಬೇಕೋ, ಗಂಡನ ಕಡೆಯದೋ ಎಂಬ ವ್ಯಾಜ್ಯ ಆಗ ಹೈಕೋರ್ಟಿನ ಮೆಟ್ಟಿಲೇರಿತು. 2023ರ ಜನವರಿಯಲ್ಲಿ ಏಕಸದಸ್ಯ ಪೀಠ ಪಟ್ಟಿಯನ್ನು ರದ್ದುಪಡಿಸಿತು. ಅಕ್ಟೋಬರ್‌ನಲ್ಲಿ ವಿಭಾಗೀಯ ಪೀಠದ ಆದೇಶವಾದ ಮೇಲೆಯೇ 13,352 ಮಂದಿಯ ನೇಮಕಕ್ಕೆ ದಾರಿ ತೆರೆಯಿತು. ಪರೀಕ್ಷೆಯಿಂದ ಅಲ್ಲಿಗೆ 17 ತಿಂಗಳು. ಆ ವೇಳೆಗೆ, ಪರೀಕ್ಷೆ ನಡೆದಾಗ 7ನೇ ತರಗತಿಗೆ ಕಾಲಿಡಲಿದ್ದ ಮಗು 8ನೇ ತರಗತಿಯ ಅರ್ಧ ವರ್ಷ ಮುಗಿಸಿತ್ತು. ಯಾರ ವಾದ ಸರಿ ಎಂಬುದು ಇಲ್ಲಿ ಮುಖ್ಯವಲ್ಲ. ಅರ್ಜಿ ಕರೆಯುವಾಗಲೇ ಎಲ್ಲರಿಗೂ ಸಂದೇಹವಿಲ್ಲದಂತೆ ಇತ್ಯರ್ಥವಾಗಬೇಕಿದ್ದ ಪ್ರಶ್ನೆ ಪಟ್ಟಿ ಹೊರಬಿದ್ದ ಮೇಲೆ ಎದ್ದಿತೆಂಬುದೇ ಮುಖ್ಯ.

ಪಶ್ಚಿಮ ಬಂಗಾಳದ ಪ್ರಕರಣ ಇನ್ನೂ ಕಠಿಣ. ಅಲ್ಲಿನ 2016ರ ಆಯ್ಕೆ ಪ್ರಕ್ರಿಯೆಯ 25,753 ಶಿಕ್ಷಕ ಮತ್ತು ಶಿಕ್ಷಕೇತರ ನೇಮಕಗಳನ್ನು ಸುಪ್ರೀಂ ಕೋರ್ಟ್ 2025ರ ಏಪ್ರಿಲ್ 3ರಂದು ಅಸಿಂಧುಗೊಳಿಸಿತು. ಮೂಲ ಉತ್ತರ ಪತ್ರಿಕೆಗಳನ್ನೇ ಉಳಿಸಿರಲಿಲ್ಲ. ದಾಖಲೆ ಇಲ್ಲದಿದ್ದರೆ ಪ್ರಾಮಾಣಿಕವಾಗಿ ಆಯ್ಕೆಯಾದವರಿಗೂ ರಕ್ಷಣೆ ಸಿಗದು.

ಈಗ ನಮ್ಮ ಊರಿನ ಶಾಲೆಗೆ ಬರೋಣ. ರಸ್ತೆ, ಚರಂಡಿ ಕಾಮಗಾರಿಗೆ ಟೆಂಡರ್ ಕರೆದಾಗ ಲಕೋಟೆ ತೆರೆದ ಮೇಲೆ ಷರತ್ತು ಬದಲಿಸುವುದಿಲ್ಲವೆಂಬುದು ತಮಗೆಲ್ಲ ತಿಳಿದೇ ಇದೆ. (ಎಂಜಿನಿಯರಿಂಗ್ ಓದಿದ ನನಗೆ ಈ ಹೋಲಿಕೆ ತಾನಾಗಿಯೇ ಬರುತ್ತದೆ.) ನೇಮಕಾತಿಗೂ ಅದೇ ನ್ಯಾಯ. ಆಯ್ಕೆ ಆರಂಭವಾದ ಬಳಿಕ ಅರ್ಹತಾ ಮಾನದಂಡ ಬದಲಿಸಕೂಡದೆಂಬ ತತ್ತ್ವವನ್ನು, ನಿಯಮಗಳಲ್ಲಿಯೇ ಅವಕಾಶವಿದ್ದ ಸಂದರ್ಭದ ಹೊರತು, ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ 2024ರ ನವೆಂಬರ್‌ನಲ್ಲಿ ಎತ್ತಿಹಿಡಿದಿದೆ. ಆದರೂ ಅತಿಥಿ ಶಿಕ್ಷಕರ ವಿಷಯದಲ್ಲಿ, ಅರ್ಜಿದಾರರು ಯಾರೆಂದು ತಿಳಿದ ನಂತರ "ಊರಿನವರಿಗೇ ಕೊಡೋಣ" ಎಂಬ ಮಾತು ಏಳುವುದುಂಟು. ಈ ಮಾತನ್ನು ನಾನು ಪೂರ್ತಿ ಅಲ್ಲಗಳೆಯುವುದಿಲ್ಲ. ಸಂಡೂರಿನ ಗುಡ್ಡದ ಮೇಲಿನ ಹಳ್ಳಿಗೆ ಅಲ್ಪ ಗೌರವಧನಕ್ಕಾಗಿ ಹೊಸಪೇಟೆಯಿಂದ ದಿನವೂ ಬಸ್ಸು ಹತ್ತಿ ಬರುವವರು ಎಷ್ಟು ದಿನ ಉಳಿದಾರು? ಆದರೆ ಇಲಾಖೆಯ ಆಯಾ ವರ್ಷದ ಸುತ್ತೋಲೆ ಸ್ಥಳೀಯತೆಗೆ ಅವಕಾಶ ಕೊಟ್ಟಿದ್ದರೆ ಅದನ್ನು ಪ್ರಕಟಣೆಯಲ್ಲಿಯೇ ಬರೆಯಬೇಕು. ಕೊಟ್ಟಿರದಿದ್ದರೆ ಆ ಮಾತನ್ನು ಸಭೆಯಲ್ಲಿ ಎತ್ತಲೇಬಾರದು.

ಪ್ರಕಟಣೆ ಎಂದರೆ ಮುಖ್ಯ ಶಿಕ್ಷಕರ ಕೊಠಡಿಯ ಗೋಡೆಗೆ ಅಂಟಿಸಿದ ಚೀಟಿಯಲ್ಲ. ಶಾಲೆ, ಪಂಚಾಯಿತಿ ಕಚೇರಿ, ಅಂಗನವಾಡಿ, ಹಾಲಿನ ಡೇರಿಗಳ ಬಳಿ ಅಂಟಿಸಿ, ಡಂಗುರವನ್ನೂ ಸಾರಿಸಿದರೆ ವೆಚ್ಚ ಅತ್ಯಲ್ಪ. ಕಂಪ್ಲಿಯ ಭತ್ತದ ಸೀಮೆಯಲ್ಲಿ ಬಿ.ಇಡಿ. ಮುಗಿಸಿ, ಮದುವೆಯಾಗಿ ಬಂದು ಮನೆಯಲ್ಲಿರುವ ಸೊಸೆಗೆ ಸುದ್ದಿ ತಲುಪುವುದು ಹೀಗೆಯೇ. ಹುದ್ದೆ ಖಾಲಿ ಇರುವುದು ಸಮಿತಿಯವರ ಬಂಧುಬಳಗಕ್ಕೆ ಮಾತ್ರ ತಿಳಿದಿದ್ದರೆ ಅಂಕಗಳ ಹೋಲಿಕೆಗೆ ಅರ್ಥವೇ ಇಲ್ಲ.

ಇನ್ನೊಂದು ಎಚ್ಚರಿಕೆ. "ಈಗ ಸೇರಿಕೊಳ್ಳಮ್ಮ, ಮುಂದೆ ಕಾಯಂ ಆಗುತ್ತದೆ" ಎಂದು ಯಾರಿಗೂ ಭರವಸೆ ನೀಡಬೇಡಿ. ನಮ್ಮ ರಾಜ್ಯದ ವಾಣಿಜ್ಯ ತೆರಿಗೆ ಇಲಾಖೆಯ ದಿನಗೂಲಿ ನೌಕರರಿಂದ ಹುಟ್ಟಿದ ಉಮಾದೇವಿ ಪ್ರಕರಣದಲ್ಲಿ ಸಂವಿಧಾನ ಪೀಠವು 2006ರ ಏಪ್ರಿಲ್ 10ರಂದು, ಮುಕ್ತ ಸ್ಪರ್ಧೆಯಿಲ್ಲದೆ ತಾತ್ಕಾಲಿಕವಾಗಿ ಬಂದವರಿಗೆ ಕಾಯಮಾತಿಯ ಹಕ್ಕಿಲ್ಲವೆಂದು ಹೇಳಿದೆ. ಆ ಭರವಸೆಯನ್ನು ನಂಬಿ ಹತ್ತು ವರ್ಷ ದುಡಿದು, ವಯೋಮಿತಿ ಮೀರಿದವರು ನಮ್ಮ ತಾಲೂಕುಗಳಲ್ಲಿಯೂ ಇದ್ದಾರೆ.

ಅಭ್ಯರ್ಥಿಯು ತಮ್ಮ ಬಂಧುವಾಗಿದ್ದರೆ ಆ ದಿನದ ಸಭೆಯಿಂದ ಹೊರಗುಳಿಯಿರಿ. ಹಾಗೆ ಹೊರಗುಳಿದದ್ದನ್ನು ನಡವಳಿಯಲ್ಲಿ ಬರೆಸಿರಿ. ಬಂದ ಅರ್ಜಿಗಳೆಷ್ಟು, ಯಾರ ಅಂಕ ಎಷ್ಟು, ಆಯ್ಕೆಯಾಗದವರನ್ನು ಬಿಟ್ಟ ಕಾರಣವೇನು ಎಂಬುದೂ ಅದೇ ಪುಟದಲ್ಲಿರಲಿ. ಕೇಳಿದವರಿಗೆ ಅಂದೇ ಓದಿ ಹೇಳಿರಿ. ಆಕ್ಷೇಪಣೆ ಇದ್ದವರು ಕ್ಷೇತ್ರ ಶಿಕ್ಷಣಾಧಿಕಾರಿಗಳಿಗೆ ಬರೆಯಬಹುದೆಂದು ತಿಳಿಸಿರಿ. ಮಾಹಿತಿ ಹಕ್ಕು ಅರ್ಜಿ ಬಂದರೆ ಉತ್ತರಿಸಲು 30 ದಿನಗಳ ಕಾಲಾವಕಾಶವಿದೆ. ನಡವಳಿ ಸರಿಯಾಗಿದ್ದರೆ ಅದರ ನಕಲು ಪ್ರತಿ ನೀಡಲು ಅರ್ಧ ಗಂಟೆಯೂ ಬೇಕಾಗದು.